ಕುಲಸಚಿವರಿಗೆ ನಾನು ಬರೆದ ನೋಟಿಸು

ಕೇಳಿರಯ್ಯಾ ಬಂಧುಗಳೇ, ಇವತ್ತು ತೀರ್ಥಹಳ್ಳಿಯಲ್ಲಿ ನನ್ನ ಗರ್ವಭಂಗವಾಯಿತು!

ಮಗಳು ಬಿ.ಕಾಂ. ಮರುಮೌಲ್ಯಮಾಪನಕ್ಕೆ ಹಾಕಿ ನಾಲ್ಕು ತಿಂಗಳಾಯಿತು, ಫಲಿತಾಂಶವಿಲ್ಲ. ಎಂ.ಕಾಂ. ಅರ್ಜಿಗೆ ನಾಳೆಯೇ ಕೊನೆ ದಿನ. ಊರ ನಾಟಕಗಳಲ್ಲಿ ರಾಜನ ಪಾತ್ರ ಹಾಕುವ ನಾನೇ ಒಂದು ಲೀಗಲ್ ನೋಟಿಸು ಬರೆದು, ವಕೀಲಮ್ಮನ ಕಚೇರಿಯಲ್ಲಿ ಎದ್ದು ನಿಂತು ಓದಿದೆ: "ಎಲೈ ಕುಲಸಚಿವನೇ! ನನ್ನ ಕುವರಿಯ ಉತ್ತರಪತ್ರಿಕೆಯನ್ನು ಯಾವ ಪಾತಾಳದಲ್ಲಿ ಬಚ್ಚಿಟ್ಟಿರುವೆ?"

ಬೇಲಿ ತಕರಾರಿಗೆ ಬಂದು ಕೂತಿದ್ದವರೆಲ್ಲ ಚಪ್ಪಾಳೆ ಹೊಡೆದರು!

ವಕೀಲಮ್ಮ ನಗು ತಡೆದುಕೊಂಡು, "ಹೆಗ್ಡೇರೇ, ಇದನ್ನ ಕಳಿಸಿದ್ರೆ ಅವ್ರೂ ಚಪ್ಪಾಳೆ ಹೊಡೀತಾರೆ, ರಿಸಲ್ಟ್ ಮಾತ್ರ ಬಿಡಲ್ಲ" ಅಂದವರೇ ನಾಲ್ಕು ಸಾಲು ಟೈಪ್ ಮಾಡಿದರು. ಅರ್ಜಿ ಹಾಕಿದ ತಾರೀಖು, ಮೀರಿದ ಗಡುವು, ನಾಳೆ ತಪ್ಪಲಿರುವ ಸೀಟು, ಇಲ್ಲದಿದ್ದರೆ ಹೈಕೋರ್ಟಿನಲ್ಲಿ ರಿಟ್. ಒಂದು ಉಪಮೆಯಿಲ್ಲ, ಒಂದು 'ಎಲೈ' ಇಲ್ಲ!

ಹನ್ನೊಂದಕ್ಕೆ ಮೇಲ್ ಹೋಯಿತು. ನಾನೂ ಮಗಳೂ ಅಲ್ಲೇ ಕಾದು ಕೂತೆವು. ಮೂರಕ್ಕೆ ವಿಶ್ವವಿದ್ಯಾಲಯದಿಂದ ವಕೀಲಮ್ಮನಿಗೇ ಫೋನು: "ಕೋರ್ಟು ಗೀರ್ಟು ಯಾಕೆ ಮೇಡಂ? ರಿಸಲ್ಟ್ ಹಾಕಿದೀವಿ, ನೋಡಿ."

ಇಪ್ಪತ್ತೆಂಟು ಇದ್ದದ್ದು ಐವತ್ತೊಂದು! ಪಾಸು!

ನಾನು ಎರಡೂ ಕೈ ಚಾಚಿ ನಿಂತೆ. "ಅಪ್ಪಯ್ಯಾ!" ಎಂದು ಕೂಗುತ್ತಾ ಎದ್ದ ಮಗಳು ನನ್ನನ್ನು ದಾಟಿ ಹೋಗಿ ವಕೀಲಮ್ಮನನ್ನು ತಬ್ಬಿಕೊಂಡಳು.

ಚಾಚಿದ ಕೈಯನ್ನು ಮಾನವಾಗಿ ಇಳಿಸುವುದು ಹೇಗೆಂದು ಯಾವ ನಾಟಕದಲ್ಲೂ ನನಗೆ ಹೇಳಿಕೊಟ್ಟಿರಲಿಲ್ಲ ನೋಡಿ!