ಗಂಟೆಯ ಇಪ್ಪತ್ತೊಂದು ಪೆಟ್ಟು

ಓದಿ ನಗುವವರು ನಗಲಿ, ನನ್ನದೇನೂ ಅಭ್ಯಂತರವಿಲ್ಲ. ಆದರೆ ಆ ರಾತ್ರಿ ಹಗ್ಗಕ್ಕೆ ಜೋತುಬಿದ್ದ ಕೈಗಳು ಇವೇ. ಇದು ಕನಸಲ್ಲ, ಬೇರೆಯವರು ಹೇಳಿ ಕೇಳಿದ್ದೂ ಅಲ್ಲ.

ಎರಡನೆಯ ಮಹಾಯುದ್ಧದ ದಿನಗಳು. ನಾನು ಧಾರವಾಡದ ಒಂದು ಸಾಲೆಯಲ್ಲಿ ಮಾಸ್ತರನಾಗಿದ್ದೆ. ಊರಂಚಿನಲ್ಲಿ, ಹಿಂದೆ ಇಂಗ್ರೇಜಿ ಸಾಹೇಬರಿಗಾಗಿ ಕಟ್ಟಿದ ಹಳೆಯ ಚರ್ಚಿತ್ತು. ಅದರ ದಫ್ತರಗಳಿಗೆ ಗೆದ್ದಲು ಹತ್ತಿತ್ತು. ಅಳಿದುಳಿದದ್ದನ್ನು ನಕಲು ಮಾಡಿ, ಚರ್ಚಿನ ಇತಿಹಾಸ ಬರೆದುಕೊಡಲು ಪಾದ್ರಿ ಸಾಹೇಬರು ನನಗೆ ಹೇಳಿದ್ದರು. ನಾನು ಕ್ರೈಸ್ತನಲ್ಲ, ಅಕ್ಷರ ದುಂಡಗಿತ್ತು, ಅಷ್ಟೇ. ಸಾಲೆ ಬಿಟ್ಟ ಮೇಲೆ ಹೋಗಿ, ಕಂದೀಲು ಹಚ್ಚಿಕೊಂಡು ಬರೆಯುತ್ತಾ ಕೂಡುತ್ತಿದ್ದೆ.

ಅಲ್ಲಿಯ ಕಾವಲುಗಾರ ದಾನಿಯೇಲಪ್ಪ. ನಾನು ಕಾಕಾ ಎನ್ನುತ್ತಿದ್ದೆ. ಗಂಟೆ ಬಾರಿಸುವವನೂ ಅವನೇ. ಯಾರಾದರೂ ತೀರಿಕೊಂಡರೆ, ಎಷ್ಟು ವರ್ಷ ಬದುಕಿದ್ದರೋ ಅಷ್ಟು ಪೆಟ್ಟು ಹೊಡೆಯುವುದು ಆ ಚರ್ಚಿನ ಹಳೆಯ ಪದ್ಧತಿ. ಅದನ್ನು ಅವನೇ ಹೇಳಿ ನನ್ನಿಂದ ಬರೆಸಿದ್ದ.

ಆ ಶ್ರಾವಣದಲ್ಲಿ ಅವನ ಒಬ್ಬಳೇ ಮಗಳು ರೂತ್ ವಿಷಮಜ್ವರದಿಂದ ಮಲಗಿದ್ದಳು. ತಾಯಿಯಿಲ್ಲದ ಹುಡುಗಿ. "ಇವತ್ತಿನ ರಾತ್ರಿ ದಾಟಿದರ ಉಳೀತಾಳ" ಎಂದು ಡಾಕ್ಟರು ಹೇಳಿ ಹೋಗಿದ್ದರು. ಚರ್ಚಿನ ಹಿಂದೆಯೇ ಅವರ ಮನೆ. ಕಾಕಾನ ತಂಗಿ ಮಾರ್ಥವ್ವ ಹುಡುಗಿಯ ಹಣೆಗೆ ಒದ್ದೆ ಬಟ್ಟೆ ಹಾಕುತ್ತಾ ಕೂತಿದ್ದಳು.

ಹೊರಗೆ ಜಿಟಿಜಿಟಿ ಮಳೆ. ಚರ್ಚಿನ ಒಳಗೆ ಬಾವಲಿ ಹಿಕ್ಕೆಯ ನಾತ, ಸೀಮೆಎಣ್ಣೆಯ ಹೊಗೆ. ಕಾಕಾ ಬಂದು ಮುಂದಿನ ಬೆಂಚಿನ ಹತ್ತಿರ ಮೊಣಕಾಲೂರಿದ. ಅವನ ಪ್ರಾರ್ಥನೆಯ ಪಿಸುದನಿ ನಾನು ಬರೆಯುವ ಕೋಣೆಗೂ ಕೇಳುತ್ತಿತ್ತು...

ಆಗ ಗಂಟೆ ಹೊಡೆಯಿತು.

ಒಂದೇ ಪೆಟ್ಟು. ಮೇಜಿನ ಮೇಲಿನ ಕಂದೀಲು ನಡುಗಿತು.

ಗಾಳಿ ಅಂದುಕೊಂಡೆ. ಆದರೆ ಹೊರಗೆ ಗಾಳಿಯ ಸುಳಿವೇ ಇರಲಿಲ್ಲ. ಎರಡನೆಯದು... ಮೂರನೆಯದು...

"ಮಾಸ್ತರ್ರ, ಹಗ್ಗ ಯಾರ ಹಿಡದಾರ್ರಿ?" ಕಾಕಾನ ದನಿ ಒಡೆದಿತ್ತು.

ಇಬ್ಬರೂ ಗೋಪುರದ ಬುಡಕ್ಕೆ ಓಡಿದೆವು. ಅಲ್ಲಿ ಯಾರೂ ಇರಲಿಲ್ಲ. ಹಗ್ಗ ಅಲುಗದೆ ನೆಟ್ಟಗೆ ಇಳಿಬಿದ್ದಿತ್ತು. ಮೇಲೆ ಗಂಟೆ ಮಾತ್ರ... ಏಳು... ಎಂಟು...

"ಎಣಿಸಬ್ಯಾಡ್ರಿ! ಎಣಿಸಬ್ಯಾಡ್ರಿ!" ಎನ್ನುತ್ತಲೇ ಅವನೂ ಎಣಿಸುತ್ತಿದ್ದ. ಹಗ್ಗಕ್ಕೆ ಜೋತುಬಿದ್ದ. ನಾನೂ ಜೋತುಬಿದ್ದೆ. ಅಂಗೈ ಉರಿಯತೊಡಗಿತು. ಇಬ್ಬರು ಗಂಡಸರ ಭಾರಕ್ಕೂ ಆ ಗಂಟೆ ಜಗ್ಗಲಿಲ್ಲ, ನಿಲ್ಲಲೂ ಇಲ್ಲ.

ಹದಿನೈದು.

"ನಮ್ಮ ರೂತಗ ಹತ್ತೊಂಬತ್ತರೀ, ಮಾಸ್ತರ್ರ... ದೇವ್ರ, ಅಲ್ಲಿ ನಿಲ್ಲಿಸಬ್ಯಾಡಪಾ!"

ಹದಿನೆಂಟು. ಹತ್ತೊಂಬತ್ತು...

ಕಾಕಾ ಉಸಿರು ಬಿಗಿಹಿಡಿದಿದ್ದ.

ಇಪ್ಪತ್ತು.

"ದಾಟಿತರೀ! ನಮ್ಮ ಹುಡುಗೀದಲ್ಲ!" ಎಂದು ಅವನು ನನ್ನನ್ನು ತಬ್ಬಿಕೊಂಡು ಅತ್ತ. ಹೇಳಲು ನಾಚಿಕೆ, ಇನ್ಯಾರದೋ ಸಾವು ಎಂದು ನನಗೂ ಹಾಯೆನಿಸಿತು. ಇನ್ನೂ ಒಂದು ಪೆಟ್ಟು ಬಿತ್ತು. ಇಪ್ಪತ್ತೊಂದು. ಅಲ್ಲಿಗೆ ನಿಂತಿತು.

ಮನೆಗೆ ಓಡಿದೆವು. ರೂತ್ ಕಣ್ಣು ತೆರೆದಿದ್ದಳು. "ಅಪ್ಪಾ, ನೀರು" ಎಂದಳು. ಹಣೆ ಬೆವೆತಿತ್ತು, ಜ್ವರ ಇಳಿದಿತ್ತು.

"ಗಂಟಿ ಕೇಳಿ ಅಂಜಿದ್ರೇನವಾ?" ಎಂದು ಕಾಕಾ ತಂಗಿಯನ್ನು ಕೇಳಿದ.

ಮಾರ್ಥವ್ವ ನಮ್ಮಿಬ್ಬರ ಮುಖ ನೋಡಿದಳು. "ಯಾವ ಗಂಟಿ, ಅಣ್ಣಾ?"

ಮೂರು ರಾತ್ರಿಯಿಂದ ರೆಪ್ಪೆ ಮುಚ್ಚದ ಕಾಕಾ ಅವತ್ತು ಮಗಳ ಪಕ್ಕದಲ್ಲೇ ಉರುಳಿ ನಿದ್ದೆಹೋದ. ನಾನು ಜಗುಲಿಯ ಮೇಲೆ ಒರಗಿದೆ. ಬೆಳಗಿನ ಜಾವ ಮಾರ್ಥವ್ವನ ಕೂಗಿಗೆ ಎದ್ದು ಒಳಗೆ ಹೋದಾಗ ರೂತಳ ಉಸಿರು ನಿಂತಿತ್ತು...

ಸಾವಿನ ದಫ್ತರದಲ್ಲಿ ವಯಸ್ಸು ಬರೆಯಬೇಕಿತ್ತು. "ದೀಕ್ಷಾಸ್ನಾನದ ದಫ್ತರ ನೋಡಿ ಬರೆಯಿರಿ" ಎಂದರು ಪಾದ್ರಿ ಸಾಹೇಬರು. ಗೆದ್ದಲು ತಿಂದ ಪುಟದಲ್ಲಿ ಅವಳು ಹುಟ್ಟಿದ ಇಸವಿ ಉಳಿದಿತ್ತು. ಬೆರಳು ಮಡಿಚಿ ಎಣಿಸಿದೆ. ಮತ್ತೊಮ್ಮೆ ಎಣಿಸಿದೆ.

ಕಾಕಾನಿಗೆ ಓದು ಬರಹ ಬರುತ್ತಿರಲಿಲ್ಲ. ಊರಿಗೆ ಪ್ಲೇಗು ಬಂದ ಮರುವರ್ಷ ಹುಟ್ಟಿದವಳು ಎಂಬ ಅಂದಾಜಿನ ಮೇಲೆ ಮಗಳ ವಯಸ್ಸು ಹೇಳುತ್ತಿದ್ದ. ಎರಡು ವರ್ಷ ತಪ್ಪಿದ್ದ.

ನಾನು ಇಪ್ಪತ್ತೊಂದು ಎಂದು ಬರೆದೆ. ಅವನಿಗೆ ಹೇಳಲು ಬಾಯಿ ಬರಲಿಲ್ಲ. ಮಣ್ಣು ಮಾಡುವಾಗ ಅವನೇ ಹಗ್ಗ ಹಿಡಿದು ಹತ್ತೊಂಬತ್ತು ಹೊಡೆದ.

ಆಮೇಲೆ ಎಂಟು ವರ್ಷ ಬದುಕಿದ್ದ. ಸಂತೆಯಲ್ಲೋ ದಾರಿಯಲ್ಲೋ ಸಿಕ್ಕಾಗಲೆಲ್ಲ ನನ್ನ ತೋಳು ಹಿಡಿದು, ದನಿ ತಗ್ಗಿಸಿ ಕೇಳುತ್ತಿದ್ದ.

"ಖರೇ ಹೇಳ್ರಿ ಮಾಸ್ತರ್ರ... ಅವತ್ತಿನ ಇಪ್ಪತ್ತೊಂದು ಯಾರದರೀ?"

"ಗೊತ್ತಿಲ್ಲ ಕಾಕಾ" ಎನ್ನುತ್ತಿದ್ದೆ. ಅವನ ಮುಖ ನೋಡುತ್ತಿರಲಿಲ್ಲ.

ಈಗಲೂ ಎಲ್ಲಿಯಾದರೂ ಗಂಟೆ ಹೊಡೆದರೆ ಕಿವಿ ಮುಚ್ಚಿಕೊಳ್ಳುತ್ತೇನೆ. ಎಣಿಕೆ ಮಾತ್ರ ಒಳಗೆ ನಡೆದೇ ಇರುತ್ತದೆ...