ಖಾಲೂನ ಕೈಗೆ ಬೆಲ್ಟು ಕೊಟ್ಟವರು

ಹಳಿಯಾಳದ ಬಸ್ ನಿಲ್ದಾಣದ ಹಿಂದಿನ ಓಣಿಯಲ್ಲಿ ಬಸಲಿಂಗಯ್ಯನವರ ಪ್ರಿಂಟಿಂಗ್ ಪ್ರೆಸ್ಸು. ಅಲ್ಲಿ ಹದಿನೆಂಟು ವರ್ಷಗಳಿಂದ ಕಂಪ್ಯೂಟರಿನ ಮುಂದೆ ಕೂತು ಊರವರ ಮದುವೆ ಕಾರ್ಡು, ಶ್ರದ್ಧಾಂಜಲಿ, ರಸೀದಿ ಪುಸ್ತಕ ಟೈಪು ಮಾಡುತ್ತ ಬಂದವಳು ಆಸಿಫಾ. ಇನ್ನೊಬ್ಬರು ಬರೆದು ಕೊಟ್ಟದ್ದರಲ್ಲಿ ಒಂದು ಅಕ್ಷರವೂ ಆಚೀಚೆ ಆಗಬಾರದು ಎಂದು ಬಸಲಿಂಗಯ್ಯನವರು ಮೊದಲ ದಿನವೇ ಹೇಳಿಕೊಟ್ಟಿದ್ದರು. ಹಾಗಾಗಿ ಆ ಮಂಗಳವಾರ ತನ್ನ ಬಾಲ್ಯದ ಮೇಲೆ ಬರೆದ ಸ್ವಂತ ಕಾದಂಬರಿಯ ಪ್ರೂಫು ಹುಬ್ಬಳ್ಳಿಯಿಂದ ಮೇಲ್‌ನಲ್ಲಿ ಬಂದಾಗ ಅವಳು ತಪ್ಪು ಹುಡುಕಬೇಕಾಗಲಿಲ್ಲ. ತಪ್ಪುಗಳೇ ಎದ್ದು ಕಣ್ಣಿಗೆ ಬಡಿದವು.

ಅರವತ್ತೊಂದನೆಯ ಪುಟದಲ್ಲಿ ಅವಳ ಖಾಲೂ, ಅಂದರೆ ಅವಳನ್ನು ಸಾಕಿದ ಚಿಕ್ಕಮ್ಮನ ಗಂಡ ಕಾಸಿಂಸಾಬ, ಸೊಂಟದ ಬೆಲ್ಟು ಬಿಚ್ಚಿ ಏಳು ವರ್ಷದ ಹುಡುಗಿಯನ್ನು ಬಾರಿಸುತ್ತಿದ್ದ. ಆಸಿಫಾ ಅದನ್ನು ಬರೆದಿರಲಿಲ್ಲ. ಕಾಸಿಂಸಾಬ ಜೀವಮಾನದಲ್ಲಿ ಬೆಲ್ಟು ಕಟ್ಟಿದವನಲ್ಲ. ಮುಂಡಗೋಡದ ಟಿಬೆಟನ್ ಕಾಲೊನಿಯ ಟ್ರ್ಯಾಕ್ಟರುಗಳನ್ನು ರಿಪೇರಿ ಮಾಡುತ್ತಿದ್ದ ಮೆಕ್ಯಾನಿಕ್ ಅವನು. ಪೈಜಾಮದ ಲಾಡಿ ಬಿಗಿದುಕೊಂಡು, ಗ್ರೀಸು ಹತ್ತಿದ ಕೈಯಿಂದ ಅವಳನ್ನು ಮುಟ್ಟಬಾರದೆಂದು ಮೊಣಕೈಯಿಂದ ತಲೆ ಸವರುತ್ತಿದ್ದ. ಅವನು ತೀರಿಕೊಂಡು ಒಂಬತ್ತು ವರ್ಷವಾಗಿತ್ತು. ಉತ್ತರ ಕೊಡಲಾಗದವನ ಕೈಗೆ ಯಾರೋ ಬೆಲ್ಟು ಕೊಟ್ಟಿದ್ದರು.

ಅವಳು ಪುಟ ತಿರುವಿದಳು. ಪಕ್ಕದ ಮನೆಯ ಮಹಾದೇವಕ್ಕ ಅವಳಿಗೆ ಕನ್ನಡ ಅಕ್ಷರ ಕಲಿಸಿದ ಅಧ್ಯಾಯ ಹಾಗೇ ಇತ್ತು. ಆದರೆ ದಿನಾ ಅವಳನ್ನು ಹೊರಗಿನ ಕಟ್ಟೆಯ ಮೇಲೆಯೇ ಕೂರಿಸುತ್ತಿದ್ದದ್ದು, ಅವಳು ಚಹಾ ಕುಡಿದ ಲೋಟಕ್ಕೆ ನೀರು ಸುರಿದು, ಒಲೆಯ ಕೆಂಡದ ಮೇಲೆ ಹಿಡಿದು ಒಳಗೆ ಒಯ್ಯುತ್ತಿದ್ದದ್ದು ಮಾಯವಾಗಿತ್ತು. ಪುಸ್ತಕದ ಹೆಸರೂ ಬದಲಾಗಿತ್ತು. ಅವಳಿಟ್ಟದ್ದು 'ಮುಂಡಗೋಡದ ಮಗಳು'. ಮುಖಪುಟದಲ್ಲೀಗ ಬುರ್ಖಾದೊಳಗಿಂದ ಇಣುಕುವ ಎರಡು ಕಣ್ಣು, ಕೆಳಗೆ 'ಕಪ್ಪು ಪರದೆಯ ಹಿಂದೆ'.

ಆಸಿಫಾ ಪ್ರಕಾಶಕ ಶರಣಬಸವರಿಗೆ ಅಲ್ಲೇ ಫೋನು ಹಚ್ಚಿದಳು.

"ಸರ್, ನಮ್ಮ ಖಾಲೂನ ಕೈಯಾಗ ಬೆಲ್ಟ್ ಎಲ್ಲಿಂದ ಬಂತ್ರಿ?"

"ಅದಾ? ಕಥಿಗೆ ಒಂದು ಏಟು ಬೇಕಲ್ಲಮ್ಮಾ. ಓದಾವ್ರಿಗೆ ನಿನ್ನ ನೋವು ತಾಕಬೇಕು."

"ಅವರು ನನ್ನ ಮ್ಯಾಲ ಒಂದ ಸಲನೂ ಕೈ ಎತ್ತಿಲ್ರಿ."

"ಇದು ಕಾದಂಬರಿ ತಾಯಿ, ಕಲ್ಪನಾ ಇರಬೇಕು."

"ಇರ್ಲಿರಿ. ಕಲ್ಪನಾ ನಂದಿರ್ಲಿ. ನನ್ನ ಹೆಸರಿನ ಕೆಳಗ ನಿಮ್ಮದ್ಯಾಕ?"

ಅತ್ತ ಕಡೆ ನಗು ಕೇಳಿಸಿತು. ಆಸಿಫಾ ನಗಲಿಲ್ಲ. "ಮಹಾದೇವಕ್ಕ ಲೋಟ ಕೆಂಡಕ್ಕ ಹಿಡದದ್ದು ಯಾಕ ತಗದ್ರಿ?"

"ಛೇ ಛೇ, ಅಕ್ಷರ ಕಲಿಸಿದ ಹೆಣ್ಮಗಳಿಗೆ ಮಸಿ ಬಳೀಬಾರ್ದು."

"ಅನ್ನ ಹಾಕಿದ ನಮ್ಮ ಖಾಲೂಗ ಬಳೀಬಹುದೇನ್ರಿ?"

ಶರಣಬಸವರ ದನಿ ಬಿಗಿಯಾಯಿತು. ಇಪ್ಪತ್ತು ವರ್ಷದಿಂದ ಪುಸ್ತಕ ಮಾಡುತ್ತಿರುವವರಿಗೆ ಓದುಗರು ಏನು ಬಯಸುತ್ತಾರೆಂದು ಗೊತ್ತಿರುತ್ತದೆ, ಇಂಥ ಅವಕಾಶ ಎರಡನೇ ಸಲ ಬರುವುದಿಲ್ಲ ಎಂದರು. ಆಸಿಫಾ ಇನ್ನೂ ಕರಾರುಪತ್ರಕ್ಕೆ ಸಹಿ ಹಾಕಿರಲಿಲ್ಲ. "ನನ್ನ ಪುಸ್ತಕ ನನಗ ಕೊಟ್ಟಬಿಡ್ರಿ" ಎಂದು ಫೋನಿಟ್ಟಳು. ಎದುರಿನ ಮೇಜಿನಲ್ಲಿ ಎಲ್ಲ ಕೇಳಿಸಿಕೊಂಡ ಬಸಲಿಂಗಯ್ಯನವರು ಕನ್ನಡಕ ತೆಗೆದು, "ಇವತ್ತ ಟೈಪ್ ಮಾಡಬ್ಯಾಡವಾ. ಸಿಟ್ಟಿನಾಗ ಯಾರದರ ಮದವಿ ಕಾರ್ಡಿನಾಗ ಶ್ರದ್ಧಾಂಜಲಿ ಹಾಕೀ" ಎಂದರು.

ಆ ಕಾದಂಬರಿ ಆಗಲೇ ಮೂರು ಸಲ ಹುಟ್ಟಿತ್ತು. ಮೊದಲ ಕರಡನ್ನು ಅವಳು ಪ್ರೆಸ್ಸಿನಲ್ಲಿ ಕತ್ತರಿಸಿ ಉಳಿದ ಕಾಗದದ ತುಂಡುಗಳ ಮೇಲೆ, ಊಟದ ಬಿಡುವಿನಲ್ಲಿ, ಹಲ್ಲು ಕಚ್ಚಿಕೊಂಡು ಬರೆದಿದ್ದಳು. ಅದರಲ್ಲಿ ಇದ್ದದ್ದು ಒಂದೇ ಮಾತು: ದಾಂಡೇಲಿಯ ಅಮ್ಮಿ, ಅಂದರೆ ಹೆತ್ತ ತಾಯಿ, ತನ್ನನ್ನು ಏಳನೇ ವಯಸ್ಸಿನಲ್ಲಿ ಮಕ್ಕಳಿಲ್ಲದ ತಂಗಿಗೆ ಕೊಟ್ಟಳು, ಅಕ್ಕ ರುಕ್ಸಾರಳನ್ನು ಇಟ್ಟುಕೊಂಡಳು. ಹಬ್ಬಕ್ಕೆ ಹೋಗುತ್ತಿದ್ದೇವೆ ಎಂದು ಸುಳ್ಳು ಹೇಳಿ ಖಾಲಾ, ಅಂದರೆ ಆ ಚಿಕ್ಕಮ್ಮ, ಅವಳನ್ನು ಬಸ್ಸು ಹತ್ತಿಸಿದ್ದಳು. ಅಮ್ಮಿ ಬಾಗಿಲಿಗೂ ಬಂದಿರಲಿಲ್ಲ. ಎರಡನೇ ಕರಡಿನಲ್ಲಿ ಮುಂಡಗೋಡ ಬಂತು. ಮೂರನೆಯದರಲ್ಲಿ ಅದು ಕಾದಂಬರಿ ಅನ್ನಿಸುವಷ್ಟಾಗಿ, ಒಂದು ಸ್ಪರ್ಧೆಯ ಮೂಲಕ ಶರಣಬಸವರ ಕೈ ಸೇರಿತ್ತು.

ಪ್ರೂಫು ಬಂದ ಮರುವಾರ ಸುನಂದಾ ಮೇಡಂ ಪ್ರೆಸ್ಸಿಗೆ ಬಂದರು. ಕಾಲೇಜಿನಲ್ಲಿ ಕನ್ನಡ ಕಲಿಸಿ ನಿವೃತ್ತರಾದವರು. ಗೆಳತಿಯರ ಕಥೆ, ಕವನ ತಿದ್ದಿಕೊಟ್ಟು ಇಲ್ಲೇ ಅಚ್ಚು ಹಾಕಿಸುತ್ತಿದ್ದರು. ಬಸಲಿಂಗಯ್ಯನವರು ತಡೆಯಲಾರದೆ ಸಂಗತಿ ಹೇಳಿಬಿಟ್ಟರು. ಮೇಡಂ ಆಸಿಫಾಳ ಮೂರನೇ ಕರಡನ್ನು ಚೀಲಕ್ಕೆ ಹಾಕಿಕೊಂಡು ಹೋದರು. ಎರಡು ವಾರದ ಮೇಲೆ ಮನೆಗೆ ಕರೆಸಿ, ಅವಲಕ್ಕಿ ಕೊಟ್ಟು, ಎದುರು ಕೂತರು.

"ಪುಸ್ತಕದಾಗ ಖಾಲೂ ಜೀವಂತ ಅದಾನ. ಮಹಾದೇವಕ್ಕ ಜೀವಂತ ಅದಾಳ. ಆದ್ರ ಇನ್ನೂರು ಪುಟದಾಗ ನಿಮ್ಮವ್ವ ಒಂದ ಮಾತೂ ಆಡಿಲ್ಲ ನೋಡು."

"ಆಕಿ ಆಡಿದ್ರ ಅಲ್ರಿ ಬರಿಯೂದು?"

"ನೀ ಕೇಳೀಯೇನು? ನನ್ನನ್ನ ಯಾಕ ಕೊಟ್ಟಿ, ಅಕ್ಕನ್ನ ಯಾಕ ಕೊಡಲಿಲ್ಲ ಅಂತ?"

ಆಸಿಫಾ ತಟ್ಟೆಯನ್ನು ಕೆಳಗಿಟ್ಟಳು. "ಅವರಿಗೆ ಬೆಲ್ಟ್ ಬೇಕಾಗಿತ್ತು. ನಿಮಗ ನಮ್ಮ ಅಮ್ಮಿ ಬೇಕು. ಎಲ್ಲಾರಿಗೂ ನನ್ನ ಪುಸ್ತಕದಾಗ ಏನರ ತುರುಕೂದ ಬೇಕು."

"ಅವರು ನಿನಗ ಗೊತ್ತಿದ್ದದ್ದನ್ನ ಕೆಡಿಸಿದ್ರು. ನಾ ನಿನಗ ಗೊತ್ತಿಲ್ಲದ್ದನ್ನ ಕೇಳಾಕ ಹತ್ತೇನಿ. ಎರಡೂ ಒಂದೇನು?"

ಅವಳು ಹಾಳೆಗಳನ್ನು ಬಾಚಿಕೊಂಡು ಎದ್ದು ಬಂದಳು. ಹತ್ತು ದಿನ ಮೇಡಮ್ಮರ ಫೋನು ಎತ್ತಲಿಲ್ಲ. ಅವಳಿಗೆ ಸಿಟ್ಟು ಬಂದದ್ದು ಆ ಪ್ರಶ್ನೆ ಸರಿಯಾಗಿತ್ತೆಂಬುದಕ್ಕೆ. ಮೂವತ್ತನಾಲ್ಕು ವರ್ಷ ಆ ಸಿಟ್ಟನ್ನು ಸಾಕಿದವಳು ಒಂದು ಸಲವೂ ಕೇಳಿರಲಿಲ್ಲ. ಕೇಳಿದರೆ ಉತ್ತರ ಬಂದುಬಿಟ್ಟೀತು ಎಂಬ ಹೆದರಿಕೆ ಇತ್ತೆಂದು ತನಗೆ ತಾನೇ ಒಪ್ಪಿಕೊಂಡದ್ದು ಹನ್ನೊಂದನೇ ದಿನ. ಆವತ್ತು ಭಾನುವಾರ. ದಾಂಡೇಲಿಯ ಬಸ್ಸು ಹತ್ತಿದಳು.

ಅಮ್ಮಿ ಬೀಬಿಜಾನ ರುಕ್ಸಾರಳ ಮನೆಯ ಪಡಸಾಲೆಯಲ್ಲಿ ಕೂತು ಬೆಳ್ಳುಳ್ಳಿ ಸುಲಿಯುತ್ತಿದ್ದಳು. ಆಸಿಫಾ ಚಪ್ಪಲಿ ಬಿಟ್ಟವಳೇ ಆ ಪ್ರಶ್ನೆ ಕೇಳಿದಳು. ರುಕ್ಸಾರ ಒಳಗಿಂದ ಬಂದು ಬಾಗಿಲಲ್ಲಿ ನಿಂತಳು.

"ನಿಮ್ಮಪ್ಪ ಆಗ ಮರದ ನಾಟಾ ಹೊರಾಂವ. ಬೆನ್ನು ಮುರಕೊಂಡು ಮಲಗಿದ್ದ" ಎಂದಳು ಬೀಬಿಜಾನ. "ರುಕ್ಸಾರಗ ದಮ್ಮು. ಉಸುರು ಸಿಕ್ಕೊಂಡ್ರ ತುಟಿ ನೀಲಿ ಆಗ್ತಿತ್ತು. ಆಕೀನ್ನ ಕೊಟ್ಟಿದ್ರ ಅಲ್ಲಿ ಉಳೀತಿರಲಿಲ್ಲ. ನೀ ಗಟ್ಟಿ ಇದ್ದಿ." ಆಮೇಲೆ ಮನೆಯ ಉರ್ದುವಿನಲ್ಲಿ, "ತೂ ಜೀ ಲೇಗಿ ಕರ್ಕೆ" ಎಂದಳು. ನೀನು ಬದುಕಿಕೊಳ್ಳುತ್ತೀ ಅಂತ.

"ಗಟ್ಟಿ ಇದ್ದದ್ದ ನನ್ನ ತಪ್ಪಾತೇನು?"

"ಆವತ್ತಿಗೆ ಹೌದು."

"ಬಾಗಿಲಿಗೂ ಬರಲಿಲ್ಲಲ್ಲ ನೀ!"

"ಬಂದಿದ್ರ ಕೊಡ್ತಿರಲಿಲ್ಲ."

ಆಸಿಫಾ ಕೂಗಿದಳು. ಏನು ಕೂಗಿದಳೆಂದು ಅವಳಿಗೇ ನೆನಪಿಲ್ಲ. ಬೆಳ್ಳುಳ್ಳಿಯ ಸಿಪ್ಪೆ ಪಡಸಾಲೆಯ ತುಂಬ ಹಾರಿದ್ದಷ್ಟೇ ನೆನಪು. ರುಕ್ಸಾರ ಬಂದು ಅಮ್ಮಿಯ ಮುಂದೆ ಅಡ್ಡ ನಿಂತಳು. "ಹೋಗು, ಬರಿ ಎಲ್ಲಾ! ನಾ ಆವತ್ತ ಸತ್ತಿದ್ರ ನಿನ್ನ ಕಥಿ ಇನ್ನೂ ಚಲೋ ಆಗ್ತಿತ್ತು. ನನ್ನ ಹೆಸರು ಮಾತ್ರ ಹಾಕಬ್ಯಾಡ" ಎಂದಳು. ಅಪ್ಪಿಕೊಳ್ಳುವುದು, ಅಳುವುದು ಏನೂ ಆಗಲಿಲ್ಲ. ಆಸಿಫಾ ಚಹಾ ಕೂಡ ಕುಡಿಯದೆ ಹಳಿಯಾಳಕ್ಕೆ ವಾಪಸಾದಳು.

ನಾಲ್ಕನೇ ಕರಡಿಗೆ ಏಳು ತಿಂಗಳು ಹಿಡಿಯಿತು. ಸಿಟ್ಟು ಕಡಿಮೆಯಾಗಿರಲಿಲ್ಲ, ಆದರೆ ಮೊದಲು ಒಬ್ಬಳೇ ಅಮ್ಮಿಯ ಮೇಲೆ ಬೀಳುತ್ತಿದ್ದದ್ದು ಈಗ ಎಲ್ಲಿಗೆ ಹೋಗಬೇಕೆಂದು ತಿಳಿಯದೆ ಪುಟದ ತುಂಬ ಓಡಾಡುತ್ತಿತ್ತು. ಅವಳೇ ಒಯ್ದು ಕೊಟ್ಟ ಆ ಕರಡಿನಲ್ಲಿ ಸುನಂದಾ ಮೇಡಂ ನಲವತ್ತು ಪುಟ ಹೊಡೆದು ಹಾಕಿದರು. "ಇಲ್ಲೆಲ್ಲಾ ನೀ ನಿನ್ನ ಮ್ಯಾಲ ಕನಿಕರ ಮಾಡ್ಕೊಂಡೀ, ಓದಾವ್ರಿಗೆ ಏನೂ ಉಳಿಸಿಲ್ಲ" ಎಂದರು. ಒಂದೊಂದು ಪುಟಕ್ಕೂ ಜಗಳವಾಯಿತು. ಮೂವತ್ತೊಂದು ಪುಟ ಆಸಿಫಾ ಬಿಟ್ಟುಕೊಟ್ಟಳು, ಒಂಬತ್ತು ಬಿಡಲಿಲ್ಲ. ಅಮ್ಮಿಯ ಆ ಉರ್ದು ಮಾತನ್ನು ಕನ್ನಡಕ್ಕೆ ತಿರುಗಿಸು ಎಂದು ಮೇಡಂ ಹೇಳಿದಾಗಲೂ ಅವಳು ಜಗ್ಗಲಿಲ್ಲ. "ಮೂವತ್ತನಾಲ್ಕು ವರ್ಷಕ್ಕ ಸಿಕ್ಕದ್ದು ಅದೊಂದ ಮಾತು ರೀ. ಅದನ್ನೂ ತಿದ್ದಬೇಕೇನು?" ಮೇಡಂ ಕೆಂಪು ಪೆನ್ನು ಮುಚ್ಚಿಟ್ಟರು. ಪುಸ್ತಕದಲ್ಲಿ ಅಕ್ಕನ ಹೆಸರು ಬದಲಾಯಿತು, ದಮ್ಮು ಬದಲಾಗಲಿಲ್ಲ.

ಬಸಲಿಂಗಯ್ಯನವರೇ ಅಚ್ಚು ಹಾಕಿದರು. ಐದುನೂರು ಪ್ರತಿ, ಬರೀ ಅಕ್ಷರದ ಮುಖಪುಟ. ಒಂದು ದಿನಪತ್ರಿಕೆಯಲ್ಲಿ ಅರ್ಧ ಕಾಲಂ ವಿಮರ್ಶೆ ಬಂತು. ಅದನ್ನು ಓದಿದ ಮಹಾದೇವಕ್ಕನ ಮಗ ಕಿರಣಕುಮಾರ ಪುಸ್ತಕ ತರಿಸಿಕೊಂಡು ಓದಿ, ಫೋನು ಮಾಡಿ ಬೈದ. ನಮ್ಮವ್ವ ಬಿಟ್ಟಿ ಕಲಿಸಿದ್ದಕ್ಕೆ ಇದೇನಾ ಉಪಕಾರ ಎಂದ. ಆಸಿಫಾ ಒಂದು ಪ್ರತಿ ಹಿಡಿದುಕೊಂಡು ನೇರ ಮುಂಡಗೋಡಕ್ಕೆ ಹೋದಳು. ಎಂಬತ್ತು ದಾಟಿದ ಮಹಾದೇವಕ್ಕ ಮಂಚದ ಮೇಲೆ ಕೂತಿದ್ದಳು.

"ಕೆಂಡಕ್ಕ ಹಿಡೀತಿದ್ದೆ. ಹೌದು" ಎಂದಳು ಮುದುಕಿ. "ನಮ್ಮ ಮನ್ಯಾಗ ಹಂಗ ಇತ್ತು. ನಿನಗ ಕೆಟ್ಟ ಅನಿಸಿದ್ರ ಆಗ ಹೇಳಬೇಕಿಲ್ಲೇನು?"

"ಏಳು ವರ್ಷದಾಕಿ ಏನು ಹೇಳಬೇಕಾಗಿತ್ರಿ ಅಕ್ಕಾರ?"

ಮಹಾದೇವಕ್ಕ ಪಕ್ಕದಲ್ಲಿ ನಿಂತಿದ್ದ ಮಗನಿಗೆ ಹೇಳಿದಳು: "ಆಕಿ ಮ್ಯಾಲ ಒದರಬ್ಯಾಡ. ಸುಳ್ಳು ಬರದಿಲ್ಲ ಆಕಿ." ಅದಕ್ಕಿಂತ ಹೆಚ್ಚಿನದು ಅವಳ ಬಾಯಿಂದ ಬರಲಿಲ್ಲ. ಆಸಿಫಾಗೆ ಅದು ಸಾಲಲಿಲ್ಲ. ಆದರೂ ಪುಸ್ತಕವನ್ನು ಮಂಚದ ಮೇಲಿಟ್ಟು, ಕಾಲು ಮುಟ್ಟಿ ನಮಸ್ಕರಿಸಿ ಬಂದಳು. ಯಾಕೆ ಮುಟ್ಟಿದೆ ಎಂದು ದಾರಿಯುದ್ದಕ್ಕೂ ತನ್ನನ್ನೇ ಬೈದುಕೊಂಡಳು.

ರುಕ್ಸಾರಳಿಂದ ಎರಡು ತಿಂಗಳು ಸುದ್ದಿಯೇ ಇರಲಿಲ್ಲ. ಆಮೇಲೊಂದು ಮಧ್ಯಾಹ್ನ ವಾಟ್ಸಾಪಿನಲ್ಲಿ ಅವಳ ದನಿ ಸಂದೇಶ ಬಂತು. ನಡುನಡುವೆ ಉಸಿರು ಎಳೆದುಕೊಳ್ಳುತ್ತ ಮಾತಾಡಿದ್ದಳು. "ಓದಿಸಿ ಕೇಳಿದೆ. ಎಂಟನೇ ಅಧ್ಯಾಯ ತಪ್ಪು. ನೀ ಹೋದ ಮ್ಯಾಲ ನಿನ್ನ ಪಾಲಿನ ಹಾಲೂ ನನಗ ಸಿಕ್ಕಿತು ಅಂತ ಬರದೀ. ನಾ ಒಂದು ವರ್ಷ ಹಾಲು ಮುಟ್ಟಲಿಲ್ಲ, ಬಡದು ಕುಡಿಸಿದ್ರೂ ವಾಂತಿ ಮಾಡ್ತಿದ್ದೆ. ಅಮ್ಮೀನ್ನ ಕೇಳಿದಿ. ನನ್ನ ಯಾಕ ಕೇಳಲಿಲ್ಲ?"

ಆಸಿಫಾ ಅದನ್ನು ಮೂರು ಸಲ ಕೇಳಿದಳು. ಇಷ್ಟು ವರ್ಷ ಬಾಯಿ ಬಿಡದೆ ಪುಸ್ತಕ ಅಚ್ಚಾದ ಮೇಲೆ ಹೇಳುತ್ತಾಳಲ್ಲ ಎಂದು ಮೈ ಉರಿಯಿತು. ಫೋನು ಹಚ್ಚಿ, "ಈಗ್ಯಾಕ ಹೇಳ್ತೀ? ಮೊದಲ ಹೇಳಾಕ ಏನಾಗಿತ್ತು ನಿನಗ?" ಎಂದು ರೇಗಿದಳು.

"ಬಾ ಇಲ್ಲೆ, ಎದುರ ಕೂತು ಜಗಳಾಡು" ಎಂದಳು ರುಕ್ಸಾರ. "ನಾ ಹೇಳಿದ್ದನ್ನ ತಿದ್ದೂದಿದ್ರ ನನ್ನ ಮುಂದ ತಿದ್ದು."

ಆಸಿಫಾ ಕಂಪ್ಯೂಟರು ಆರಿಸಿ, ಬಸಲಿಂಗಯ್ಯನವರಿಗೆ ಅರ್ಧ ದಿನದ ರಜೆ ಹೇಳಿ, ಬಸ್ ನಿಲ್ದಾಣದ ಕಡೆ ದಾಪುಗಾಲು ಹಾಕಿದಳು.