ಅತ್ತೆಯ ಮುಖದ ಪರದೇಶಿ

ಬೊಂಬೆಯಕ್ಕನಿಗೆ ವಸ್ತುಸಂಗ್ರಹಾಲಯದಲ್ಲಿ ಕೆಲಸ ಸಿಕ್ಕಿದ್ದು ಅವಳ ಕೈಚಳಕಕ್ಕೆ ಮೆಚ್ಚಿ ಅಲ್ಲ, ಹಿಂದಿನ ಬೊಂಬೆಗಾರ ಏಣಿಯಿಂದ ಬಿದ್ದು ಸೊಂಟ ಮುರಿದುಕೊಂಡಿದ್ದರಿಂದ. ಅಲ್ಲಿಯವರೆಗೆ ಅವಳು ಬಟ್ಟೆ ಅಂಗಡಿಗಳ ಗಾಜಿನ ಹಿಂದೆ ನಿಲ್ಲಿಸುವ ಬೊಂಬೆಗಳಿಗೆ ಮುಖ ಬರೆಯುತ್ತಿದ್ದಳು. ಎಲ್ಲಕ್ಕೂ ಒಂದೇ ಮೂಗು, ಒಂದೇ ತುಟಿ, ಯಾರನ್ನೂ ನೋಡದ ಒಂದೇ ನೋಟ.

"ಲೋಕದ ಜನಗಳ ಬಗ್ಗೆ ಏನು ಗೊತ್ತಮ್ಮಾ ನಿಂಗೆ?" ಅಂತ ದೊಡ್ಡ ಸಾಹೇಬರು ಕೇಳಿದರು. ಸಂಗ್ರಹಾಲಯಕ್ಕೆ ಅವರೇ ಮುಖ್ಯಸ್ಥರು.

"ಏನೂ ಗೊತ್ತಿಲ್ಲ ಸಾರ್."

"ಒಳ್ಳೇದೇ ಆಯ್ತು. ಹಿಂದಿನವನಿಗೆ ಎಲ್ಲಾ ಗೊತ್ತಿತ್ತು. ಒಂದೂ ಹೇಳಿದ ಹಾಗೆ ಮಾಡ್ತಿರಲಿಲ್ಲ."

ಮಾರನೇ ದಿನದಿಂದಲೇ ಕೆಲಸ ಶುರುವಾಯಿತು.

ಮೇಲಿನ ಅಂತಸ್ತಿನ ಉದ್ದನೆಯ ಹಜಾರಕ್ಕೆ 'ಲೋಕದ ಜನಗಳು' ಅಂತ ಹೆಸರು. ಎರಡೂ ಕಡೆ ಗಾಜಿನ ಪೆಟ್ಟಿಗೆಗಳು, ಪೆಟ್ಟಿಗೆಗೊಂದು ದೇಶ, ದೇಶಕ್ಕೊಂದು ಪ್ಲಾಸ್ಟರ್ ಗಂಡು, ಒಂದು ಪ್ಲಾಸ್ಟರ್ ಹೆಣ್ಣು. ಸ್ವದೇಶದ ಜೋಡಿ ಮಾತ್ರ ಕೊನೆಯಲ್ಲಿ, ಕಟ್ಟೆಯ ಮೇಲೆ, ಉಳಿದವರಿಗಿಂತ ಒಂದು ಗೇಣು ಎತ್ತರ. "ನಾವು ನಿಜವಾಗ್ಲೂ ಇಷ್ಟು ಎತ್ತರಾನಾ?" ಅಂತ ಶಾಲೆಯ ಮಕ್ಕಳು ಕೇಳಿದರೆ, ಆ ಬೊಂಬೆಗಳ ಭುಜದವರೆಗೂ ಬಾರದ ಕಾವಲುಗಾರ, "ಹೂಂ ಮತ್ತೆ, ಎಲ್ಲರೂ," ಅನ್ನುತ್ತಿದ್ದ. ಯಾರೂ ಅವನನ್ನು ಮೇಲಿಂದ ಕೆಳಗೆ ನೋಡುವ ಗೋಜಿಗೆ ಹೋಗುತ್ತಿರಲಿಲ್ಲ.

ಬೊಂಬೆಯಕ್ಕನಿಗೆ ಒಪ್ಪಿಸಿದ ಮೊದಲ ಕೆಲಸ ಕಡಲಾಚೆಯ ದೇಶದ ಹೆಂಗಸಿನದು. ಅವಳ ತಲೆ ಬಿದ್ದು ಪುಡಿಯಾಗಿತ್ತು. ಆಗ ಮೀನು ಹಿಡಿಯುವ ನೀರಿನ ಜಗಳದಲ್ಲಿ ಎರಡೂ ದೇಶಗಳಿಗೆ ಎಣ್ಣೆ ಸೀಗೆಕಾಯಿ. ಜನರ ಬಾಯಲ್ಲಿ ಅವರು ಬರೀ 'ಆಚೆಯವರು'. ಬೆಕ್ಕು ಕಾಣೆಯಾದರೂ ಆಚೆಯವರ ಮೇಲೇ ಅನುಮಾನ.

"ನೋಡಿದ ತಕ್ಷಣ ಇವಳು ಮೋಸಗಾತಿ ಅಂತ ಗೊತ್ತಾಗ್ಬೇಕು," ಅಂದರು ಸಾಹೇಬರು. "ಆದ್ರೆ ಶಾಸ್ತ್ರೀಯವಾಗಿರ್ಬೇಕು."

"ಅವರು ನೋಡೋಕೆ ಹೇಗಿರ್ತಾರೆ ಸಾರ್?"

ಸಾಹೇಬರು ಒಂದು ಚಿತ್ರ ಕೊಟ್ಟರು. ಯಾವುದೋ ಕಾಲದಲ್ಲಿ ಆಚೆ ದೇಶದ ಬಂದರಿಗೆ ಹೋಗಿ, ಹಡಗಿನ ವಾಂತಿಯಿಂದ ಛತ್ರದಲ್ಲೇ ಮಲಗಿ, ವಾಪಸು ಬಂದು ಆ ದೇಶದ ಮೇಲೆ ದಪ್ಪ ಪುಸ್ತಕ ಬರೆದ ಪ್ರವಾಸಿಯೊಬ್ಬ ಬರೆದದ್ದು. ಚಿತ್ರದ ಗಂಡು ಹೆಣ್ಣು ಎಲ್ಲರೂ ಟೋಪಿ ಒತ್ತಿ ಹಿಡಿದು, ಸೊಂಟ ಬಗ್ಗಿಸಿ, ಮುಂದಕ್ಕೆ ಬಾಗಿ ನಡೆಯುತ್ತಿದ್ದರು. ಅದಕ್ಕೇ ಪೆಟ್ಟಿಗೆಯ ಫಲಕದಲ್ಲಿ 'ಬಾಗಿ ನಡೆಯುವ ಜನ. ಸ್ವಭಾವತಃ ಸಂಚುಕೋರರು' ಅಂತ ಬರೆದಿತ್ತು. ಮುಖಗಳೆಲ್ಲ ಟೋಪಿಯಡಿಗೆ. ಮೂಗಿನ ತುದಿ ಬಿಟ್ಟರೆ ಇನ್ನೇನೂ ಕಾಣದು.

ಮುಖ ಎಲ್ಲಿಂದ ತರುವುದು ಅಂತ ತಲೆ ಕೆಡಿಸಿಕೊಂಡೇ ಅವಳು ಸಂಜೆ ಮನೆ ಸೇರಿದಳು. ಮನೆಯ ಕೆಳಭಾಗದಲ್ಲಿ ಅತ್ತೆಯ ಇಸ್ತ್ರಿ ಅಂಗಡಿ. ಅತ್ತೆ ಆವಿಯ ನಡುವೆ ನಿಂತು, ಒಂದು ಅಂಗಿಯ ಕಾಲರನ್ನು ಬೆಳಕಿಗೆ ಹಿಡಿದು, ಎಡ ಹುಬ್ಬನ್ನು ಹಣೆಯ ಅರ್ಧಕ್ಕೆ ಏರಿಸಿ, ಇಡೀ ಮನುಷ್ಯಕುಲದ ಮೇಲೇ ಸಂಶಯ ಬಂದವಳಂತೆ ನೋಡುತ್ತಿದ್ದಳು.

"ಏನೇ ಹಾಗೆ ನೋಡ್ತಾ ನಿಂತೆ? ನನ್ನ ಮುಖದಲ್ಲೇನು ಕೋತಿ ಕುಣೀತಿದೆಯಾ?"

"ಇಲ್ಲ ಅತ್ತೆ. ಹಾಗೇ ಇರಿ. ಅಲ್ಲಾಡ್ಬೇಡಿ."

ಹೀಗೆ ಶತ್ರುದೇಶಕ್ಕೆ ಅತ್ತೆಯ ಮುಖ ಬಂತು. ಸಾಹೇಬರು ನೋಡಿ ಒಂದು ಹೆಜ್ಜೆ ಹಿಂದೆ ಸರಿದು, "ಭೇಷ್! ಸಾಕ್ಷಾತ್ ಆಚೆಯವಳೇ!" ಅಂದರು. ಅವರೂ ಜನ್ಮದಲ್ಲಿ ಒಬ್ಬ ಆಚೆಯವಳನ್ನೂ ಕಂಡವರಲ್ಲ.

ಗುಟ್ಟು ಬಹಳ ಕಾಲ ಉಳಿಯಲಿಲ್ಲ. ಅಂಗಡಿಗೆ ಬರುವ ಗಿರಾಕಿಯೊಬ್ಬ ಅತ್ತೆಯ ಕಿವಿಗೆ ಹಾಕಿದ. ಭಾನುವಾರ ಅತ್ತೆ ಒಳ್ಳೆಯ ಬಟ್ಟೆ ತೊಟ್ಟು, ಮಗ ಸೊಸೆಯನ್ನು ಹಿಂದೆ ಹಾಕಿಕೊಂಡು ಹಜಾರಕ್ಕೆ ಬಂದಳು. ಮಗನದು ಬೀಗ ರಿಪೇರಿ ಕೆಲಸ. ಬಾಯಿಗೂ ಬೀಗ ಹಾಕಿಕೊಂಡೇ ಬದುಕಿದವನು. ಅತ್ತೆ ಗಾಜಿಗೆ ಮೂಗು ತಾಗಿಸಿ ನೋಡಿದಳು.

"ಹುಬ್ಬು ಚೆನ್ನಾಗಿ ಬಂದಿದೆ," ಅಂದಳು ಕೊನೆಗೆ. "ಕೈಲೇನೇ ಅದು?"

"ಚೂರಿ ಅತ್ತೆ."

"ಚೂರಿ ಹಿಡಿಯೋದು ಹೀಗಾ? ಹೀಗೆ ಹಿಡಿದ್ರೆ ಈರುಳ್ಳಿನೂ ಹೆಚ್ಚಕ್ಕಾಗಲ್ಲ. ನನ್ನ ಮಾನ ಕಳೀಬೇಡ, ಸರಿ ಮಾಡು."

ಸೋಮವಾರ ಬೊಂಬೆಯಕ್ಕ ಚೂರಿಯನ್ನು ಸರಿಯಾಗಿ ಹಿಡಿಸಿದಳು. ನೋಡುವವರಿಗೆ ಇನ್ನಷ್ಟು ಭಯವಾಯಿತು.

ಆಮೇಲಿನ ವರ್ಷಗಳಲ್ಲಿ ಆ ಹೆಂಗಸು ಪಟ್ಟ ಪಾಡು ಅಷ್ಟಿಷ್ಟಲ್ಲ. ಮೀನಿನ ನೀರಿನ ಒಪ್ಪಂದವಾಯಿತು. ಮೇಲಿನಿಂದ ಅಪ್ಪಣೆ ಬಂದು ಚೂರಿ ಹೋಗಿ ಕೈಗೆ ಹೂಬುಟ್ಟಿ ಬಂತು, ತುಟಿಗೆ ನಗು ಬಂತು. ಅತ್ತೆ ಅದನ್ನು ಕಂಡು ಕೆಂಡವಾದಳು. "ಇಷ್ಟು ವರ್ಷ ಒಬ್ಬರ ಮುಂದೂ ಹಲ್ಲು ಕಿರಿದವಳಲ್ಲ ನಾನು. ಊರೆಲ್ಲ ನೋಡೋ ಜಾಗದಲ್ಲಿ ಹೀಗೆ ಮಾಡ್ತೀಯಾ?" ಅಂತ ಸೊಸೆಯ ಜೊತೆ ಮಾತು ಬಿಟ್ಟಳು. ಪುಣ್ಯಕ್ಕೆ ಆಚೆಯವರು ಎಣ್ಣೆಯ ಬೆಲೆ ಏರಿಸಿದರು. ಹೂಬುಟ್ಟಿ ಕಿತ್ತು ತಕ್ಕಡಿ ಕೊಡಿಸಿ, ಕಣ್ಣು ಕಿರಿದು ಮಾಡಿ, ನಗು ಕೆರೆದು ತೆಗೆದ ಮೇಲೆ ಮನೆಯಲ್ಲಿ ಶಾಂತಿ ನೆಲೆಸಿತು. ಮುಂದೊಮ್ಮೆ ಇಲ್ಲಿ ನೆರೆ ಬಂದಾಗ ಆಚೆಯವರು ಹಡಗು ತುಂಬ ಧಾನ್ಯ ಕಳಿಸಿದರು. ಆಗ ಅದೇ ಕಣ್ಣು ಆಕಾಶ ನೋಡತೊಡಗಿ, ಅತ್ತೆ ಕೆಲವು ಕಾಲ ಮಹಾತಾಯಿಯಾಗಿ ಮೆರೆದಳು. ಧಾನ್ಯ ತಿಂದು ಮುಗಿದ ಮೇಲೆ ಮತ್ತೆ ತಕ್ಕಡಿಯೇ ಬಂತು. ಏನು ಬದಲಾದರೂ ಬೆನ್ನು ಮಾತ್ರ ಬಾಗಿದ ಹಾಗೇ ಇತ್ತು; ಒಳಗಿನ ಕಬ್ಬಿಣದ ಸರಳು ಹಾಗೆ ಬಗ್ಗಿತ್ತು.

ಹೀಗಿರುವಾಗ ಆಚೆ ದೇಶದಿಂದ ಒಂದು ನಿಯೋಗ ಬರುತ್ತದೆ, ಸಂಗ್ರಹಾಲಯವನ್ನೂ ನೋಡುತ್ತದೆ ಅಂತ ಸುದ್ದಿ ಬಂತು. ಸಾಹೇಬರು ಬಾಲ ಸುಟ್ಟ ಬೆಕ್ಕಿನ ಹಾಗೆ ಓಡಾಡಿದರು. ತಕ್ಕಡಿ ತೆಗೆಸಿ ಹೂಬುಟ್ಟಿ ಹುಡುಕಿಸಿದರೆ, ಕಾವಲುಗಾರ ಅದನ್ನು ಮನೆಗೊಯ್ದು ಕೋಳಿ ಮುಚ್ಚುತ್ತಿದ್ದ. ಬೆನ್ನು ನೆಟ್ಟಗೆ ಮಾಡಲು ಹೋದರೆ ಬೊಂಬೆ ಎರಡು ತುಂಡಾಗುತ್ತದೆ ಅಂತ ಬೊಂಬೆಯಕ್ಕ ಕೈಯೆತ್ತಿದಳು. ಕೊನೆಗೆ ಫಲಕದ 'ಸಂಚುಕೋರರು' ಅಳಿಸಿ 'ವಿನಯಶೀಲರು' ಅಂತ ಬರೆಸಿದರು. ಬೆನ್ನಿಗೆ ಅದೂ ಹೊಂದುತ್ತಿತ್ತು.

ನಿಯೋಗ ಬಂದ ದಿನ ಅತ್ತೆಯೂ ಬಂದಳು. ತನ್ನ ಪೆಟ್ಟಿಗೆಯ ಪಕ್ಕ ಕಾವಲುಗಾರನ ಸ್ಟೂಲು ಎಳೆದುಕೊಂಡು ಕೂತಳು. ಏಳಿಸುವ ಧೈರ್ಯ ಯಾರಿಗೂ ಇರಲಿಲ್ಲ.

ನಿಯೋಗದ ಮುಖಂಡ ಬೊಂಬೆಯನ್ನು ನೋಡಿದ, ಸ್ಟೂಲಿನ ಮೇಲಿನ ಅತ್ತೆಯನ್ನು ನೋಡಿದ. ಟೋಪಿ ತೆಗೆದು ತನ್ನ ಭಾಷೆಯಲ್ಲಿ ಉದ್ದುದ್ದ ಏನೋ ಹೇಳಿದ. ಕಣ್ಣಲ್ಲಿ ನೀರೂ ಬಂದ ಹಾಗಿತ್ತು.

"ಏನಂತೆ ಇವನದು?" ಅಂದಳು ಅತ್ತೆ.

ಸರ್ಕಾರದ ದುಭಾಷಿ ಗಂಟಲು ಸರಿಮಾಡಿಕೊಂಡ. "ತಮ್ಮ ದೇಶದ ಹಿರಿಯರೊಬ್ಬರು ಇಷ್ಟು ದೂರ ಬಂದು ಬಾಳ್ತಿರೋದು ನೋಡಿ ಹೃದಯ ತುಂಬಿ ಬಂತಂತೆ ಅಮ್ಮಾ. ಯಾವ ಊರಿನವರು ಅಂತ ಕೇಳ್ತಿದಾರೆ."

"ಬೇಕರಿ ಪಕ್ಕದ ಇಸ್ತ್ರಿ ಅಂಗಡಿ ಅಂತ ಹೇಳಪ್ಪ."

ದುಭಾಷಿ ಏನು ಹೇಳಿದನೋ, ಮುಖಂಡ ಇನ್ನೊಮ್ಮೆ ತಲೆ ಬಾಗಿಸಿದ. ಅವನ ಹಿಂದೆ ನಿಂತಿದ್ದ ಗುಂಡಗಿನ ಹೆಂಗಸೊಬ್ಬಳು ನಗು ತಡೆಯಲಾರದೆ ಕೈ ಬಾಯಿಗೆ ಒತ್ತಿಕೊಂಡಳು. ಅವಳ ಉಗುರಿನ ಸಂದಿಯಲ್ಲಿ ಬಿಳಿ ಪ್ಲಾಸ್ಟರ್ ಕಚ್ಚಿಕೊಂಡಿದ್ದನ್ನು ಬೊಂಬೆಯಕ್ಕ ಕಂಡಳು. ತನ್ನ ಉಗುರೂ ಹಾಗೇ. ಆಚೆ ದೇಶದ ಸಂಗ್ರಹಾಲಯದ ಬೊಂಬೆಗಾರ್ತಿ ಅವಳು.

ಅವಳು ಬಾಗಿದ ಬೆನ್ನಿನ ಕಡೆ ಕೈ ತೋರಿಸಿ ಏನೋ ಕೇಳಿದಳು. ಬೊಂಬೆಯಕ್ಕ ಪ್ರವಾಸಿಯ ಚಿತ್ರ ತಂದು ತೋರಿಸಿದಳು. ಅದನ್ನು ನೋಡಿದ್ದೇ ತಡ, ನಿಯೋಗಕ್ಕೆ ನಿಯೋಗವೇ ಹೊಟ್ಟೆ ಹಿಡಿದು ನಕ್ಕಿತು.

"ಅದು ಗಾಳಿಯಂತೆ," ಅಂದ ದುಭಾಷಿ ಬೊಂಬೆಯಕ್ಕನಿಗೆ. "ಆ ಬಂದರಲ್ಲಿ ವರ್ಷಕ್ಕೊಮ್ಮೆ ಭಾರಿ ಗಾಳಿ ಬೀಸತ್ತಂತೆ. ಆಗ ನಾಯಿನೂ ಬಾಗೇ ನಡೀಬೇಕಂತೆ."

ಬೊಂಬೆಯಕ್ಕನಿಗೆ ಮುಖ ಎಲ್ಲಿಡಬೇಕೋ ತಿಳಿಯಲಿಲ್ಲ. ಆದರೂ ಕುತೂಹಲ ಬಿಡಬೇಕಲ್ಲ. "ನಿಮ್ಮಲ್ಲಿ ನಾವು ಹೇಗಿದೀವಿ ಅಂತ ಕೇಳಿ," ಅಂದಳು.

ಈಗ ಆಚೆಯ ಬೊಂಬೆಗಾರ್ತಿಯ ಮುಖ ಕೆಂಪಗಾಯಿತು. ಮೊದಲು ಬೇಡವೆಂದಳು, ಆಮೇಲೆ ಚೀಲದಿಂದ ಒಂದು ಫೋಟೋ ತೆಗೆದಳು. ಅಲ್ಲಿನ ಗಾಜಿನ ಪೆಟ್ಟಿಗೆಯಲ್ಲಿ ನಮ್ಮವರು ಒಂದು ಗಂಡು, ಒಂದು ಹೆಣ್ಣು. ಇಬ್ಬರೂ ಅಂಗೈಯನ್ನು ಕೆನ್ನೆಗೆ ಒತ್ತಿಕೊಂಡು, ಹುಬ್ಬು ಗಂಟಿಕ್ಕಿ, ದೂರ ನೋಡುತ್ತಿದ್ದರು. ಕೆಳಗಿನ ಫಲಕವನ್ನು ದುಭಾಷಿ ಗಟ್ಟಿಯಾಗಿ ಓದಿದ: "ಸದಾ ಚಿಂತನೆಯಲ್ಲಿ ಮುಳುಗಿರುವ ತತ್ವಜ್ಞಾನಿಗಳ ನಾಡು."

ಸಾಹೇಬರ ಎದೆ ಉಬ್ಬಿ ಅಂಗಿಯ ಗುಂಡಿ ಹಾರುವುದೊಂದು ಬಾಕಿ. "ನೋಡಿ! ಪರರು ನಮ್ಮನ್ನ ಹೇಗೆ ಗುರುತಿಸಿದಾರೆ!"

ಬೊಂಬೆಗಾರ್ತಿ ದುಭಾಷಿಯ ಕಿವಿಯಲ್ಲಿ ಮತ್ತೇನೋ ಹೇಳಿದಳು. ಅವನು ಬೊಂಬೆಯಕ್ಕನ ಕಡೆ ಬಗ್ಗಿ ಪಿಸುಗುಟ್ಟಿದ: "ಅವರ ಚಿತ್ರಕಾರ ಒಬ್ಬ ಇಲ್ಲಿಗೆ ಬಂದಿದ್ನಂತೆ. ಅವನು ಇಳಿದಿದ್ದ ಕೋಣೆಯ ಎದುರಿಗೇ ಹಲ್ಲು ಕೀಳೋನ ಅಂಗಡಿ."

"ಏನಂತೆ? ಏನಂತೆ?" ಅಂದರು ಸಾಹೇಬರು.

"ನಮ್ಮ ಜನರ ನೋವು ಆ ಕಲಾವಿದನಿಗೆ ತುಂಬಾ ತಟ್ಟಿತ್ತಂತೆ ಸಾರ್," ಅಂದ ದುಭಾಷಿ. ಸರ್ಕಾರಿ ಕೆಲಸದಲ್ಲಿ ಅವನು ನೆಲೆ ನಿಂತದ್ದು ಹೀಗೇ.

ಅವತ್ತೇ ಒಂದು ತೀರ್ಮಾನವಾಯಿತು. ಇನ್ನು ಮೇಲೆ ಯಾರ ಬೊಂಬೆ ಅವರೇ ಮಾಡಿ ಇನ್ನೊಬ್ಬರಿಗೆ ಕಳಿಸುವುದು. ತಪ್ಪು ಕಲ್ಪನೆಗೆ ಜಾಗವೇ ಇರಕೂಡದು.

ನಾವು ಹೇಗಿದ್ದೇವೆ ಅಂತ ನಿರ್ಧರಿಸಲು ಒಂದು ಸಮಿತಿ ಕೂತಿತು. ಆಚೆಯವರು ಹೇಗಿದ್ದಾರೆ ಎಂಬುದು ಇದೇ ಮಹನೀಯರಿಗೆ ಚಹಾ ಆರುವಷ್ಟರಲ್ಲಿ ಹೊಳೆಯುತ್ತಿತ್ತು. ನಮ್ಮದು ಮಾತ್ರ ಬಗೆಹರಿಯಲಿಲ್ಲ. ಒಬ್ಬರು ಉದ್ದ ಅಂಗಿ ಅಂದರು, ಇನ್ನೊಬ್ಬರು ಅದು ಕೆಳಗಿನ ಬೀದಿಯವರದು ಅಂದರು. ಮೇಜು ಗುದ್ದಾಟವಾಯಿತು. ಕೊನೆಗೆ ಯಾರ ಮನೆಯಲ್ಲೂ ಯಾರೂ ಯಾವತ್ತೂ ತೊಡದ ಮಿರಿಮಿರಿ ನಿಲುವಂಗಿಗೆ ಎಲ್ಲರೂ ಒಪ್ಪಿದರು. ಭಂಗಿಯ ಬಗ್ಗೆ ಮಾತ್ರ ಒಂದೇ ಅಭಿಪ್ರಾಯ: ಕೆನ್ನೆಯ ಮೇಲೆ ಕೈ.

"ಸಾರ್, ಅದು ಹಲ್ಲುನೋವು," ಅಂದಳು ಬೊಂಬೆಯಕ್ಕ.

"ಹಲ್ಲುನೋವಲ್ಲೂ ಮನುಷ್ಯ ಯೋಚನೆ ಮಾಡ್ತಾನಮ್ಮಾ."

"ಏನಂತ?"

"ಹಲ್ಲಿನ ಬಗ್ಗೆ. ಹೋಗು, ಕೆಲಸ ನೋಡು."

ಮನೆಯಲ್ಲಿ ಅತ್ತೆ ಕಾದಿದ್ದಳು. "ಪರದೇಶಕ್ಕೆ ನನ್ನ ಮುಖ ಆಗತ್ತೆ, ಸ್ವದೇಶಕ್ಕೆ ಆಗಲ್ವೇನೇ?" ಬೊಂಬೆಯಕ್ಕ ಅತ್ತೆಯ ಮುಖದ ಅಚ್ಚನ್ನೇ ಸಮಿತಿಯ ಮುಂದಿಟ್ಟಳು. ಸಮಿತಿ ಬೆಚ್ಚಿಬಿತ್ತು. ಗಂಡನದು ಇಟ್ಟರೆ 'ನಿದ್ದೆಗಣ್ಣು' ಅಂದಿತು. ಬೇಸತ್ತು ಬಟ್ಟೆ ಅಂಗಡಿಯ ಬೊಂಬೆಗಳ ಆ ಹಳೆಯ ಮುಖವನ್ನೇ ಬರೆದು ತೋರಿಸಿದಳು. ಯಾರದೂ ಅಲ್ಲದ ಮೂಗು, ಯಾರದೂ ಅಲ್ಲದ ತುಟಿ.

"ಇದೇ! ಇದೇ ನೋಡಿ ನಮ್ಮ ಜನ!" ಅಂತ ಸಮಿತಿ ಚಪ್ಪಾಳೆ ತಟ್ಟಿತು.

ಬೊಂಬೆಗಳ ಜೊತೆ ಬೊಂಬೆಯಕ್ಕನೂ ಸಾಹೇಬರೂ ದುಭಾಷಿಯೂ ಹಡಗು ಹತ್ತಿದರು. ಆಚೆಯ ಬಂದರಿನಲ್ಲಿ ಸ್ವಾಗತಕ್ಕೆ ಸಾಲಾಗಿ ನಿಂತಿದ್ದ ದೊಡ್ಡ ಮನುಷ್ಯರೆಲ್ಲ, ಇವರು ಇಳಿಯುತ್ತಲೇ, ಗಂಭೀರವಾಗಿ ಅಂಗೈಯನ್ನು ಕೆನ್ನೆಗೆ ಒತ್ತಿಕೊಂಡರು.

"ನಮ್ಮಲ್ಲಿ ನಮಸ್ಕಾರ ಮಾಡೋದು ಹೀಗೆ ಅಂದ್ಕೊಂಡಿದಾರೆ," ಅಂತ ದುಭಾಷಿ ಹಲ್ಲು ಬಿಗಿಹಿಡಿದು ಹೇಳಿದ. ಮನೆಗೆ ಕರೆದವರನ್ನು ನಿರಾಸೆ ಮಾಡುವುದು ಹೇಗೆ? ಸಾಹೇಬರು ಕೈಯನ್ನು ಕೆನ್ನೆಗೆ ಒಯ್ದರು. ಬೊಂಬೆಯಕ್ಕನೂ ಒಯ್ದಳು. ಎರಡು ದೇಶಗಳು ಎದುರುಬದುರು ನಿಂತು ಹಲ್ಲುನೋವಿನವರ ಹಾಗೆ ಒಬ್ಬರನ್ನೊಬ್ಬರು ನೋಡಿದವು. ಪತ್ರಿಕೆಯವರು ಫೋಟೋ ತೆಗೆದರು. ಸಾಲಿನ ಕೊನೆಯಲ್ಲಿದ್ದ ಬೊಂಬೆಗಾರ್ತಿ ಮಾತ್ರ ಕಂಬದ ಹಿಂದೆ ಹೋಗಿ ಬಿದ್ದು ಬಿದ್ದು ನಗುತ್ತಿದ್ದಳು. ಬೊಂಬೆಯಕ್ಕನಿಗೂ ತಡೆಯಲಾಗಲಿಲ್ಲ, ಕೆಮ್ಮಿನ ನೆಪ ಮಾಡಿಕೊಂಡು ಅದೇ ಕಂಬದ ಹಿಂದೆ ಸೇರಿಕೊಂಡಳು. ಭಾಷೆ ಬಾರದೆಯೂ ಇಬ್ಬರೂ ಅಲ್ಲಿ ಕಣ್ಣೊರೆಸಿಕೊಳ್ಳುವವರೆಗೆ ನಕ್ಕರು. ಬೊಂಬೆಗಾರ್ತಿ ತನ್ನ ಹಳೆಯ ತತ್ವಜ್ಞಾನಿ ಬೊಂಬೆಗೆ ಯಾರ ಮುಖ ಹಾಕಿದ್ದಳು ಅಂತಲೂ ಆಮೇಲೆ ತಿಳಿಯಿತು: ತಾನಿರುವ ಬಾಡಿಗೆ ಮನೆಯ ಯಜಮಾನನದು.

ಊರಿಗೆ ಮರಳಿದ ಸಂಜೆ ಇಸ್ತ್ರಿ ಅಂಗಡಿಯಲ್ಲಿ ನೆರೆಹೊರೆಯವರೆಲ್ಲ ಸೇರಿದರು. "ಹೇಗಿದಾರೆ ಆಚೆಯವರು?"

"ಅಯ್ಯೋ, ಬಹಳ ನಗುಮುಖದ ಜನ," ಅಂತ ಶುರುಮಾಡಿದಳು ಬೊಂಬೆಯಕ್ಕ. "ಗಂಡಸರು ಸ್ವಲ್ಪ ಪೆದ್ದರು. ಹೆಂಗಸರು ಜಾಣೆಯರು. ಎಲ್ಲರೂ ಗುಂಡುಗುಂಡಗೆ."

"ಎಷ್ಟು ಜನರ ಹತ್ರ ಮಾತಾಡಿದೆ?" ಅಂದ ಗಂಡ. ವರ್ಷಕ್ಕೊಂದು ಪ್ರಶ್ನೆ ಕೇಳುವ ಮನುಷ್ಯ, ಅದನ್ನೂ ಈಗಲೇ ಕೇಳಬೇಕೆ!

ಬೊಂಬೆಯಕ್ಕ ಯೋಚಿಸಿದಳು. ಬೊಂಬೆಗಾರ್ತಿ, ಅವಳ ತಂಗಿ, ಇಬ್ಬರಿಗೂ ಅಡುಗೆ ಮಾಡಿಹಾಕಿದ ಅವರಮ್ಮ. "ಒಂದೇ ಮನೆಯವರು ಕಣ್ರೀ," ಅಂತ ನಾಲಿಗೆ ಕಚ್ಚಿಕೊಂಡಳು.

"ಅಷ್ಟು ಸಾಕು ಬಿಡು," ಅಂದಳು ಅತ್ತೆ, ಇಸ್ತ್ರಿಯನ್ನು ಮೇಲೆತ್ತದೆ. "ನೀನು ಈ ಮನೆಗೆ ಬಂದಾಗ ನನ್ನೊಬ್ಬಳನ್ನ ನೋಡೇ ನಮ್ಮ ವಂಶಕ್ಕೆಲ್ಲ ಹೆಸರಿಟ್ಟಿದ್ದೆ."

ಆಚೆಯಿಂದಲೂ ಅವರದೇ ಸಮಿತಿ ಒಪ್ಪಿದ ಬೊಂಬೆ ಬಂತು. ಬೆಳ್ಳಗೆ, ನೆಟ್ಟಗೆ, ಒಂದು ಕೈಯಲ್ಲಿ ಪುಸ್ತಕ, ಇನ್ನೊಂದರಲ್ಲಿ ಪಾರಿವಾಳ, ಯಾರನ್ನೂ ನೋಡದ ಕಣ್ಣು. ಅದರ ಮುಂದೆ ಒಬ್ಬರೂ ನಿಲ್ಲಲಿಲ್ಲ. ಬಂದವರೆಲ್ಲ, "ಆ ಹುಬ್ಬು ಏರಿಸಿದ ಹೆಂಗಸೆಲ್ಲಿ?" ಅಂತ ಕಾವಲುಗಾರನನ್ನು ಕೇಳತೊಡಗಿದರು.

ಆ ಹಳೆಯ ಬೊಂಬೆಯನ್ನು ಒಡೆದು ಎಸೆಯಲು ಹೊರಟಿದ್ದರು. ಅತ್ತೆ ಕೈಗಾಡಿ ತಂದು ಸಾಹೇಬರ ಎದುರೇ ಹೇರಿಸಿಕೊಂಡು ಹೋದಳು. ಈಗ ಆ ಬೊಂಬೆ ಇಸ್ತ್ರಿ ಅಂಗಡಿಯ ಬಾಗಿಲಲ್ಲಿ ನಿಂತಿದೆ. ಬಾಗಿದ ಬೆನ್ನು ಕೋಟು ನೇತುಹಾಕಲು ಹೇಳಿ ಮಾಡಿಸಿದ ಹಾಗಿದೆ. ಕೊಟ್ಟ ಅಂಗಿಯಲ್ಲಿ ಕಲೆ ಉಳಿಯಿತು ಅಂತ ಜಗಳಕ್ಕೆ ಬಂದ ಗಿರಾಕಿ ಮೊದಲು ಬಾಗಿಲಲ್ಲಿ ಆ ಹುಬ್ಬನ್ನು ನೋಡುತ್ತಾನೆ, ಆಮೇಲೆ ಒಳಗೆ ಅದೇ ಹುಬ್ಬನ್ನು ನೋಡುತ್ತಾನೆ, ಅಂಗಿಯನ್ನು ಮಡಚಿ ಕಂಕುಳಲ್ಲಿಟ್ಟುಕೊಂಡು ಸುಮ್ಮನೆ ಮನೆ ದಾರಿ ಹಿಡಿಯುತ್ತಾನೆ.